ಮಂಡ್ಯ ಎಂದು ಹೊಡೆದರೆ ಮಂಡಡ್‌ಡ್ಯ

ಸೆಪ್ಟೆಂಬರ್ ಬಂತೆಂದರೆ ನಮ್ಮ ಸೋದರಮಾವನ ಅಂಗಡಿಯಲ್ಲಿ ಕೂರಲು ನಿಲ್ಲಲು ಬಿಡುವಿರುವುದಿಲ್ಲ. ಮಂಡ್ಯದ ಗುತ್ತಲು ರಸ್ತೆಯಲ್ಲಿ ಅವರದೊಂದು ಡಿಟಿಪಿ ಮತ್ತು ಜೆರಾಕ್ಸ್ ಅಂಗಡಿ. ಸುತ್ತಲ ಹಳ್ಳಿಗಳ ಹಾಲಿನ ಡೇರಿಗಳು ವಾರ್ಷಿಕ ಮಹಾಸಭೆ ನಡೆಸುವ ತಿಂಗಳು ಅದು. ವರದಿ, ಜಮಾ ಖರ್ಚು, ಅಢಾವೆ ಪತ್ರಿಕೆ, ಸದಸ್ಯರ ಪಟ್ಟಿ ಎಲ್ಲ ಸೇರಿ ಒಂದೊಂದು ಡೇರಿಗೂ ಒಂದೊಂದು ಪುಸ್ತಿಕೆ. ಕಾರ್ಯದರ್ಶಿಗಳು ಕೈಬರಹದ ಹಾಳೆಗಳನ್ನು ಮೇಜಿನ ಮೇಲಿಟ್ಟು, ನಾಡಿದ್ದು ಬೇಕು ಎಂದು ಹೇಳಿ ಹೋಗಿಬಿಡುತ್ತಾರೆ.

ಅಂಥ ಒಂದು ದಿನ ಅಂಗಡಿಯಲ್ಲಿ ಟೈಪ್ ಮಾಡುವ ಅಕ್ಕ ನನಗೆ ಫೋನ್ ಮಾಡಿದರು. ನಾನು ಇದೇ ಊರಲ್ಲಿ ಕಂಪ್ಯೂಟರ್ ಸರ್ವೀಸ್ ಮಾಡುತ್ತೇನೆ.

"ಸ್ವಲ್ಪ ಬಾ ಕಣಪ್ಪ. ಮಂಡ್ಯ ಅಂತ ಹೊಡುದ್ರೆ ಮಂಡಡ್‌ಡ್ಯ ಅಂತ ಬತ್ತದೆ. ಬೆಳಿಗ್ಗೆಯಿಂದ ಅಳಿಸಿ ಅಳಿಸಿ ಸಾಕಾಯ್ತು."

ಹೋಗಿ ನೋಡಿದೆ. ಅಕ್ಕ ಆ ಕುರ್ಚಿಯಲ್ಲಿ ಕೂತು 20 ವರ್ಷ ಆಗಿದೆ. ಅವರ ಕೀಬೋರ್ಡಿನ ಮೇಲೆ ಅರ್ಧ ಅಕ್ಷರಗಳು ಸವೆದು ಕಾಣಿಸುವುದೇ ಇಲ್ಲ, ಅವರಿಗೆ ಬೇಕಾಗಿಯೂ ಇಲ್ಲ. ನನ್ನೆದುರಿಗೇ ನಿಧಾನವಾಗಿ ಹೊಡೆದು ತೋರಿಸಿದರು. ಸಣ್ಣ ಎಂ, ದೊಡ್ಡ ಎಂ, ಡಬ್ಲ್ಯೂ, ಎಫ್, ವೈ. ಕೆ.ಪಿ. ರಾವ್ ಅವರ ವಿನ್ಯಾಸದಿಂದ ಬಂದ ಕಗಪ ಕೀಲಿಮಣೆಯಲ್ಲಿ ಮಂಡ್ಯ ಎಂದರೆ ಆ ಐದು ಕೀಗಳು. ಡಬ್ಲ್ಯೂ ಡಕಾರ, ಎಫ್ ಒತ್ತಿದರೆ ಅಕ್ಷರ ಅರ್ಧವಾಗಿ ಒತ್ತಕ್ಷರಕ್ಕೆ ಕಾಯುತ್ತದೆ, ವೈ ಯಕಾರ. ಪರದೆಯ ಮೇಲೆ ಡ ಬಂತು. ಪಕ್ಕದಲ್ಲೇ ಡ್ ಬಂತು. ಅದರ ಪಕ್ಕ ಡ್ಯ ಬಂತು. ಮೊದಲಿನದು ಅಳಿಯಲೇ ಇಲ್ಲ.

ಮಾವ ಕೌಂಟರಿನಿಂದಲೇ ಕೂಗಿದರು. "ಹೊಸ ಕೀಬೋರ್ಡ್ ತಂದ್ಬುಡ್ಲಾ, ಕಾಸು ಕೊಡ್ತೀನಿ."

ಕೀಬೋರ್ಡಿನ ತಪ್ಪಲ್ಲ ಎನ್ನುವುದು ಆಗಲೇ ಗೊತ್ತಾಗಿತ್ತು. ಕೀಬೋರ್ಡ್ ಕೆಟ್ಟರೆ ಡಡಡ ಎಂದು ಒಂದೇ ಅಕ್ಷರ ಬರಬೇಕು. ಇಲ್ಲಿ ಅಕ್ಷರ ಸರಿಯಾಗಿಯೇ ಹುಟ್ಟುತ್ತಿದೆ, ಹಳೆಯದು ಹೋಗುತ್ತಿಲ್ಲ. ಇದು ಏಕೆ ಮುಖ್ಯ ಎಂದು ಸ್ವಲ್ಪ ಬಿಡಿಸಿ ಹೇಳಬೇಕು.

ಅಂಗಡಿಯಲ್ಲಿ ಇವತ್ತಿಗೂ ಪುಟ ಕಟ್ಟುವುದು ಪೇಜ್‌ಮೇಕರಿನಲ್ಲೇ. ಅದರ 7.0 ಆವೃತ್ತಿ ಬಂದಿದ್ದು 2001ರಲ್ಲಿ, ಆಮೇಲೆ ಅಡೋಬಿಯವರು ಅದನ್ನು ಮುಂದುವರಿಸಲಿಲ್ಲ. ಯೂನಿಕೋಡ್ ಕನ್ನಡ, ಅಂದರೆ ಈಗ ಫೋನಿನಲ್ಲಿ, ವೆಬ್ಬಿನಲ್ಲೆಲ್ಲ ಬಳಸುವ ಕನ್ನಡ, ಅದಕ್ಕೆ ಅರ್ಥವಾಗುವುದಿಲ್ಲ. ಹಾಗಾಗಿ ಹಳೆಯ ಬಗೆಯ ಫಾಂಟುಗಳೇ ಗತಿ. ಅವುಗಳಲ್ಲಿ ಕನ್ನಡದ ಅಕ್ಷರಗಳನ್ನು ತುಂಡು ತುಂಡು ಮಾಡಿ, ಇಂಗ್ಲಿಷ್ ಅಕ್ಷರಗಳು ಇರಬೇಕಾದ ಮನೆಗಳಲ್ಲಿ ಕೂರಿಸಿರುತ್ತಾರೆ. ಡ ಒಂದು ತುಂಡು. ಡ್ ಇನ್ನೊಂದು. ಯ ಒತ್ತು ಮತ್ತೊಂದು. ಪೇಜ್‌ಮೇಕರಿಗೆ ಇದು ಕನ್ನಡ ಎಂದೇ ಗೊತ್ತಿಲ್ಲ. ಕನ್ನಡ ಗೊತ್ತಿರುವುದು ಹಿನ್ನೆಲೆಯಲ್ಲಿ ಓಡುವ ಟೈಪಿಂಗ್ ತಂತ್ರಾಂಶಕ್ಕೆ. ನಾವು ಡಬ್ಲ್ಯೂ ಒತ್ತಿದಾಗ ಅದು ಡ ಕೊಡುತ್ತದೆ. ಎಫ್ ಒತ್ತಿದ ಕೂಡಲೇ ತಾನೇ ಒಂದು ಬ್ಯಾಕ್‌ಸ್ಪೇಸ್ ಹೊಡೆದು ಡ ಅಳಿಸಿ ಡ್ ಇಡುತ್ತದೆ. ವೈ ಒತ್ತಿದಾಗ ಮತ್ತೊಂದು ಬ್ಯಾಕ್‌ಸ್ಪೇಸ್, ಡ್ ಹೋಗಿ ಡಕಾರವೂ ಯ ಒತ್ತೂ ಬರುತ್ತವೆ. ಇಷ್ಟೆಲ್ಲ ಕಣ್ಣು ರೆಪ್ಪೆ ಬಡಿಯುವುದರೊಳಗೆ ಮುಗಿಯುತ್ತದೆ. ಟೈಪ್ ಮಾಡುವವರ ಕಣ್ಣಿಗೆ ಆ ಬ್ಯಾಕ್‌ಸ್ಪೇಸ್ ಬೀಳುವುದೇ ಇಲ್ಲ.

ಅಂದರೆ ಅಕ್ಕನ ಕಂಪ್ಯೂಟರಿನಲ್ಲಿ ಆ ಬ್ಯಾಕ್‌ಸ್ಪೇಸನ್ನು ಯಾರೋ ದಾರಿಯಲ್ಲಿ ತಡೆದು ನುಂಗುತ್ತಿದ್ದರು.

ದಾರಿಯಲ್ಲಿ ನಿಲ್ಲುವುದಕ್ಕೆ ವಿಂಡೋಸಿನಲ್ಲಿ ಒಪ್ಪಿತವಾದ ಕ್ರಮವೇ ಇದೆ. ಅದಕ್ಕೆ ಹುಕ್ ಎನ್ನುತ್ತಾರೆ. ನಮ್ಮ ಕಡೆಯ ಮಾತಿನಲ್ಲಿ ಹೇಳುವುದಾದರೆ ನಾಲೆ ಮತ್ತು ನೀರುಗಂಟಿ. ನೀವು ಕೀ ಒತ್ತಿದಿರಿ, ಮೌಸ್ ಅಲುಗಾಡಿಸಿದಿರಿ, ಒಂದು ಕಿಟಕಿ ತೆರೆದಿರಿ. ಪ್ರತಿಯೊಂದೂ ನಾಲೆಗೆ ಬಿಟ್ಟ ನೀರಿನ ಹಾಗೆ ಹರಿದು ಆ ಪ್ರೋಗ್ರಾಮಿನ ಗದ್ದೆ ಸೇರಬೇಕು. ದಾರಿಯ ತೂಬಿನಲ್ಲಿ ನಾನೊಬ್ಬ ನಿಲ್ಲುತ್ತೇನೆ ಎಂದು ಯಾವ ಪ್ರೋಗ್ರಾಂ ಬೇಕಾದರೂ ವಿಂಡೋಸನ್ನು ಕೇಳಬಹುದು. ಹಾಗೆ ಕೇಳುವ ಆಜ್ಞೆಯ ಹೆಸರು ಸೆಟ್‌ವಿಂಡೋಸ್‌ಹುಕ್‌ಎಕ್ಸ್. ತೂಬಿನಲ್ಲಿ ನಿಂತವನು ನೀರನ್ನು ನೋಡಿ ಸುಮ್ನೆ ಬಿಡಬಹುದು, ಬೇರೆ ಕಡೆ ತಿರುಗಿಸಬಹುದು, ಪೂರ್ತಿ ಕಟ್ಟಿಬಿಡಬಹುದು. ಒಬ್ಬನೇ ಅಲ್ಲ, ಒಬ್ಬರ ಹಿಂದೆ ಒಬ್ಬರು ನಿಲ್ಲಬಹುದು. ಮುಂದಿನವನಿಗೆ ದಾಟಿಸಲು ಕಾಲ್‌ನೆಕ್ಸ್ಟ್‌ಹುಕ್‌ಎಕ್ಸ್ ಎಂಬ ಇನ್ನೊಂದು ಆಜ್ಞೆ ಇದೆ. ದಾಟಿಸದೇ ಹೋದರೆ ಹಿಂದಿನವರಿಗೆ ಏನೂ ಸಿಗುವುದಿಲ್ಲ. ನಾಲೆಯ ಕೊನೇ ಭಾಗದ ರೈತರ ಪಾಡು ನಮಗೆಲ್ಲ ಗೊತ್ತಲ್ವಾ, ಅದೇ.

ಎಲ್ಲ ಪ್ರೋಗ್ರಾಮುಗಳ ಕೀಗಳನ್ನೂ ಹೀಗೆ ಹಿಡಿಯಬೇಕಾದರೆ ಸಾಮಾನ್ಯವಾಗಿ ಹುಕ್ಕಿನ ಕೋಡನ್ನು ಒಂದು ಡಿಎಲ್‌ಎಲ್ ಫೈಲಿನಲ್ಲಿ, ಅಂದರೆ ಬೇರೆ ಪ್ರೋಗ್ರಾಮುಗಳ ಒಳಗೆ ಸೇರಿ ಓಡುವ ಕೋಡಿನ ಫೈಲಿನಲ್ಲಿ, ಇಡಬೇಕಾಗುತ್ತದೆ. ವಿಂಡೋಸ್ ಆ ಫೈಲನ್ನು ಪೇಜ್‌ಮೇಕರಿನ ಒಳಕ್ಕೂ, ವರ್ಡ್ ಒಳಕ್ಕೂ, ಕಿಟಕಿ ಇರುವ ಪ್ರತಿಯೊಂದರ ಒಳಕ್ಕೂ ತಾನೇ ಕೊಂಡೊಯ್ದು ಕೂರಿಸುತ್ತದೆ. ಬೇರೆಯವರ ಮನೆಯೊಳಗೆ ಕೂತು ಕೆಲಸ ಮಾಡುವ ಫೈಲು ಅದು. ಕನ್ನಡ ಟೈಪಿಂಗ್ ತಂತ್ರಾಂಶಗಳಲ್ಲಿ ಹಲವು ಕೆಲಸ ಮಾಡುವುದು ಇದೇ ದಾರಿಯಲ್ಲಿ. ಕಣ್ಣು ಕಾಣದವರಿಗೆ ಪರದೆ ಓದಿ ಹೇಳುವ ಎನ್‌ವಿಡಿಎ ತನ್ನ ಆಜ್ಞೆಗಳನ್ನು ಹಿಡಿಯುವುದೂ ಕೀಬೋರ್ಡ್ ಹುಕ್ಕಿನಿಂದಲೇ. ಹುಕ್ ಎಂದ ಕೂಡಲೇ ಕಳ್ಳ ಎಂದು ತೀರ್ಮಾನಿಸುವವರನ್ನು ನಾನು ಒಪ್ಪುವುದಿಲ್ಲ. ಹುಕ್ ಇಲ್ಲದಿದ್ದರೆ ಈ ಜಿಲ್ಲೆಯ ಲಗ್ನಪತ್ರಿಕೆಗಳಲ್ಲಿ ಎಷ್ಟು ಅಚ್ಚಾಗುತ್ತಿದ್ದವೋ.

ಅಕ್ಕನನ್ನು ಕೇಳಿದೆ. ದಿನವೂ ಹೀಗೇನಾ?

"ಇಲ್ಲ ಕಣಪ್ಪ. ಒಂದು ಹದಿನೈದು ದಿನದಿಂದ. ಕೆಲವು ದಿನ ಚೆನ್ನಾಗಿರ್ತದೆ, ಕೆಲವು ದಿನ ಹಿಂಗಾಡ್ತದೆ. ಕನ್ನಡದ್ದು ಕ್ಲೋಸ್ ಮಾಡಿ ತಿರುಗಾ ತೆಗೆದ್ರೆ ಸರಿಹೋಯ್ತದೆ. ಇವತ್ತು ಮರ್ತೇಬಿಟ್ಟಿದ್ದೆ ನೋಡು."

ಈ ಮಾತು ನನಗೆ ಅರ್ಧ ಕೆಲಸ ಮುಗಿಸಿಕೊಟ್ಟಿತು. ಹುಕ್ಕುಗಳ ಸಾಲಿನಲ್ಲಿ ಕೊನೆಗೆ ಬಂದವನಿಗೇ ಮೊದಲ ಜಾಗ. ಹೊಸದಾಗಿ ಬಂದವನು ನಾಲೆಯ ಮೇಲ್ಭಾಗದಲ್ಲಿ ನಿಲ್ಲುತ್ತಾನೆ, ಮೊದಲೇ ಇದ್ದವರೆಲ್ಲ ಒಂದೊಂದು ಹೆಜ್ಜೆ ಕೆಳಕ್ಕೆ. ಅಕ್ಕ ಕನ್ನಡ ತಂತ್ರಾಂಶವನ್ನು ಮುಚ್ಚಿ ಮತ್ತೆ ತೆರೆದಾಗ ಅದು ಎಲ್ಲರಿಗಿಂತ ಮೇಲೆ ಬಂದು ನಿಲ್ಲುತ್ತಿತ್ತು. ತಾನು ಹುಟ್ಟಿಸಿದ ಬ್ಯಾಕ್‌ಸ್ಪೇಸನ್ನು ಹಿಂದಿನವರಿಗೆ ತೋರಿಸದೆ ನೇರ ಪೇಜ್‌ಮೇಕರಿಗೆ ಬಿಡುತ್ತಿತ್ತು. ಇನ್ನೊಬ್ಬ ಮೇಲೆ ನಿಂತ ದಿನ ಆ ಬ್ಯಾಕ್‌ಸ್ಪೇಸ್ ಅವನ ಕೈಗೆ ಸಿಕ್ಕಿ ಅಲ್ಲೇ ಮುಗಿದುಹೋಗುತ್ತಿತ್ತು. ಅಕ್ಕ ತಾವಾಗಿಯೇ ಕಂಡುಕೊಂಡಿದ್ದ ಮದ್ದಿಗೆ ಇಷ್ಟು ಗಟ್ಟಿ ಕಾರಣ ಇತ್ತು. ಸರ್ವೀಸಿಗೆ ಹೋದಾಗ ಕಂಪ್ಯೂಟರ್ ಬಳಸುವವರ ಮಾತನ್ನು ನಾನು ಪೂರ್ತಿ ಕೇಳುವುದು ಇದಕ್ಕೇ. ಅವರಿಗೆ ಹೆಸರು ಗೊತ್ತಿರುವುದಿಲ್ಲ, ನಡತೆ ಗೊತ್ತಿರುತ್ತದೆ.

ಹಾಗಾದರೆ ಆ ಇನ್ನೊಬ್ಬ ಯಾರು?

ನನ್ನ ಪೆನ್‌ಡ್ರೈವಿನಲ್ಲಿ ಯಾವಾಗಲೂ ವಿಂಡೋಸಿನ ಒಳಗೆ ಇಣುಕಿ ನೋಡುವ ಸಿಸ್‌ಇಂಟರ್ನಲ್ಸ್ ಸಲಕರಣೆಗಳು ಇರುತ್ತವೆ. ಮಾರ್ಕ್ ರಸ್ಸಿನೋವಿಚ್ ಮತ್ತು ಬ್ರೈಸ್ ಕಾಗ್ಸ್‌ವೆಲ್ ಇಬ್ಬರೂ ಸೇರಿ ಕಟ್ಟಿದ್ದು, 2006ರಲ್ಲಿ ಮೈಕ್ರೋಸಾಫ್ಟ್ ಕೊಂಡುಕೊಂಡಿತು. ಈಗಲೂ ಉಚಿತವಾಗಿ ಸಿಗುತ್ತದೆ. ಅದರಲ್ಲಿ, ಓಡುತ್ತಿರುವ ಪ್ರೋಗ್ರಾಮುಗಳನ್ನು ತೋರಿಸುವ ಪ್ರೋಸೆಸ್ ಎಕ್ಸ್‌ಪ್ಲೋರರ್ ತೆರೆದೆ. ಮೇಲಿನ ಪಟ್ಟಿಯಲ್ಲಿ ಪೇಜ್‌ಮೇಕರ್ ಆರಿಸಿ, ಕಂಟ್ರೋಲ್ ಒತ್ತಿ ಡಿ ಹೊಡೆದೆ. ಅದರ ಹೊಟ್ಟೆಯಲ್ಲಿ ಕೂತಿರುವ ಡಿಎಲ್‌ಎಲ್‌ಗಳೆಲ್ಲ ಕೆಳಗೆ ಬಂದವು. ನೂರಕ್ಕೂ ಜಾಸ್ತಿ. ಒಂದೊಂದಾಗಿ ನೋಡುತ್ತಾ ಕೂತರೆ ಸಂಜೆಯಾಗುತ್ತದೆ. ಕಂಪನಿ ಹೆಸರಿನ ಕಾಲಮ್ಮಿನ ಮೇಲೆ ಕ್ಲಿಕ್ ಮಾಡಿ ಪಟ್ಟಿಯನ್ನು ಜೋಡಿಸಿದೆ. ಮೈಕ್ರೋಸಾಫ್ಟಿನವು ಒಂದು ಕಡೆ ಗುಂಪಾದವು, ಅಡೋಬಿಯವು ಇನ್ನೊಂದು ಕಡೆ. ನಡುವೆ ಕನ್ನಡ ತಂತ್ರಾಂಶದ್ದೊಂದು. ಕೊನೆಗೆ ಒಂದು ಸಾಲು ಉಳಿಯಿತು. ಕಂಪನಿ ಹೆಸರು ಖಾಲಿ. ವಿವರಣೆ ಖಾಲಿ. ಮಾಡಿದವರು ಯಾರು ಎಂದು ಖಾತ್ರಿಪಡಿಸುವ ಡಿಜಿಟಲ್ ಸಹಿ ಇಲ್ಲ. ಫೈಲ್ ಇದ್ದ ಜಾಗ ಪ್ರೋಗ್ರಾಂ ಫೈಲ್ಸ್ ಅಲ್ಲ, ಬಳಕೆದಾರರ ಫೋಲ್ಡರಿನ ಆ್ಯಪ್‌ಡೇಟಾ ಒಳಗೆ ಎಲ್ಲೋ ಮೂಲೆಯಲ್ಲಿ.

ಅದರ ಹೆಸರು ಬರೆದುಕೊಂಡು ಕಂಟ್ರೋಲ್ ಎಫ್ ಒತ್ತಿ ಇಡೀ ಕಂಪ್ಯೂಟರಿನಲ್ಲಿ ಹುಡುಕಿಸಿದೆ. ಓಡುತ್ತಿದ್ದ 32 ಬಿಟ್ಟಿನ, ಅಂದರೆ ಹಳೆಯ ಬಗೆಯ, ಪ್ರೋಗ್ರಾಮುಗಳಲ್ಲಿ ಕಿಟಕಿ ಇದ್ದ ಪ್ರತಿಯೊಂದರಲ್ಲೂ ಅದು ಕೂತಿತ್ತು. ಕನ್ನಡ ತಂತ್ರಾಂಶದ ಡಿಎಲ್‌ಎಲ್ ಎಲ್ಲೆಲ್ಲಿ ಇತ್ತೋ ಅಲ್ಲೆಲ್ಲ ಇದೂ ಇತ್ತು. ಒಂದೇ ಮನೆಗೆ ಇಬ್ಬರು ನೆಂಟರು, ಒಬ್ಬರನ್ನು ನಾವು ಕರೆದಿದ್ದೆವು, ಇನ್ನೊಬ್ಬರನ್ನು ಯಾರೂ ಕರೆದಿರಲಿಲ್ಲ.

64 ಬಿಟ್ಟಿನ, ಅಂದರೆ ಹೊಸ ಬಗೆಯ, ಬ್ರೌಸರಿನಲ್ಲಿ ಮಾತ್ರ ಈ ಫೈಲ್ ಇರಲಿಲ್ಲ. 32 ಬಿಟ್ಟಿನ ಡಿಎಲ್‌ಎಲ್ 64 ಬಿಟ್ಟಿನ ಪ್ರೋಗ್ರಾಮಿನೊಳಗೆ ಹೋಗಲಾರದು. ಹಾಗೆಂದು ಬ್ರೌಸರ್ ತಪ್ಪಿಸಿಕೊಂಡಿತ್ತೇ? ಇಲ್ಲ. ಅಂಥ ಕಡೆ ವಿಂಡೋಸ್ ಒಂದೊಂದು ಕೀಯನ್ನೂ ಹುಕ್ ಹಾಕಿದ ಪ್ರೋಗ್ರಾಮಿನ ಬಳಿಗೇ ಕಳಿಸಿ, ಅದು ನೋಡಿದ ಮೇಲೆ ವಾಪಸ್ ತರುತ್ತದೆ. ಆ ಪ್ರೋಗ್ರಾಂ ನಿಧಾನವಾದರೆ ಕೀ ಕೂಡ ನಿಧಾನ. ಬ್ರೌಸರಿನಲ್ಲಿ ಅಕ್ಷರ ತಡವಾಗಿ ಮೂಡುತ್ತದೆ ಎಂದು ಮಾವ ಎಷ್ಟೋ ದಿನದಿಂದ ಇಂಟರ್ನೆಟ್ಟನ್ನು ಬೈಯುತ್ತಿದ್ದರು. ನೆಟ್ಟಿಗೂ ಅದಕ್ಕೂ ಸಂಬಂಧವೇ ಇರಲಿಲ್ಲ.

ಈ ಡಿಎಲ್‌ಎಲ್ ಇದ್ದ ಫೋಲ್ಡರ್ ತೆರೆದೆ. ಅದರ ಪಕ್ಕ ಒಂದು ಸಣ್ಣ ಪ್ರೋಗ್ರಾಂ ಫೈಲ್, ಮತ್ತೊಂದು ಡೇಟಾ ಫೈಲ್. ಡೇಟಾ ಫೈಲಿನ ಗಾತ್ರ ನಾನು ನೋಡುತ್ತಿದ್ದಂತೆಯೇ ಬೆಳೆಯುತ್ತಿತ್ತು. ಅದನ್ನು ನೋಟ್‌ಪ್ಯಾಡಿನಲ್ಲಿ ತೆರೆದೆ.

ಮೊದಲು ಏನೂ ಅರ್ಥವಾಗಲಿಲ್ಲ. ದಿನಾಂಕ, ಗಂಟೆ, ತೆರೆದಿದ್ದ ಕಿಟಕಿಯ ಹೆಸರು, ಅದರ ಕೆಳಗೆ ಇಂಗ್ಲಿಷ್ ಅಕ್ಷರಗಳ ಸಾಲು. ಯಾವ ಪದವೂ ಅಲ್ಲ. ಅಕ್ಕ ನನ್ನ ಹಿಂದೆ ನಿಂತಿದ್ದರು. ಒಂದು ಸಾಲನ್ನು ನಾನು ಜೋರಾಗಿ ಓದಿದೆ. ಸಣ್ಣ ಎಂ, ದೊಡ್ಡ ಎಂ, ಡಬ್ಲ್ಯೂ, ಎಫ್, ವೈ.

"ಮಂಡ್ಯ" ಎಂದರು ಅಕ್ಕ.

ಮುಂದಿನದನ್ನು ಓದಿದೆ. ಎಚ್, ದೊಡ್ಡ ಎ, ಎಲ್, ಯು. "ಹಾಲು." ಸುಮ್ಮನೆ ಒಂದು ಕ್ಷಣ ನಿಂತು, ಆಮೇಲೆ ಅವರೇ ಬಗ್ಗಿ ಪರದೆ ಓದತೊಡಗಿದರು. ನಮಗೆ ಅರ್ಥವಿಲ್ಲದ ಅಕ್ಷರಗಳು ಅವರಿಗೆ ನೇರ ಕನ್ನಡವಾಗಿ ಕಾಣುತ್ತಿದ್ದವು. ಬೆರಳಿನ ಲೆಕ್ಕದಲ್ಲಿ ಓದುತ್ತಿದ್ದರು. "ಇದು ನೆನ್ನೆ ಮಾಡಿದ ಡೇರಿ ವರದಿ ಕಣಪ್ಪ. ಅಧ್ಯಕ್ಷರ ಹೆಸರು ಇಲ್ಲೈತೆ ನೋಡು. ನಾನು ಹೊಡೆದಿದ್ದು ಒಂದೂ ಬಿಡದಂಗೆ ಐತಲ್ಲ."

ಎಲ್ಲ ದಿನಗಳೂ ಹೀಗಿರಲಿಲ್ಲ. ಕೆಲವು ದಿನಗಳಲ್ಲಿ ಕನ್ನಡದ ಸಾಲೇ ಇಲ್ಲ, ಇಂಗ್ಲಿಷ್ ಪದಗಳು ಮತ್ತು ಅಂಕಿಗಳು ಮಾತ್ರ. ತಮಗೆ ತೊಂದರೆ ಆಗಿದ್ದ ದಿನಗಳು ಯಾವುವು ಎಂದು ಅಕ್ಕ ಬಿಲ್ ಪುಸ್ತಕ ನೋಡಿ ಹೇಳಿದರು. ಕನ್ನಡ ಪೂರ್ತಿ ದಾಖಲಾದ ದಿನಗಳು ಅವೇ. ಕನ್ನಡ ತಂತ್ರಾಂಶ ಮೇಲೆ ನಿಂತ ದಿನ ಕನ್ನಡದ ಕೀಗಳನ್ನು ಅದೇ ಹಿಡಿದುಕೊಂಡು ಬಿಡುತ್ತಿತ್ತು, ಕೆಳಗಿನವನಿಗೆ ಸಿಗುತ್ತಿರಲಿಲ್ಲ. ನನ್ನ ಲೆಕ್ಕ ಸರಿಯಾಗಿತ್ತು. ಆದರೆ ಖುಷಿಪಡುವ ಹೊತ್ತು ಅದಾಗಿರಲಿಲ್ಲ.

ಏಕೆಂದರೆ ಇನ್ನೊಂದಿಷ್ಟು ಕೆಳಗೆ ಹೋದಾಗ 12 ಅಂಕಿಗಳ ಒಂದು ಸಂಖ್ಯೆ ಸಿಕ್ಕಿತು. ಅದರ ಕೆಳಗೆ ಇನ್ನೊಂದು. ಜಾತಿ ಪ್ರಮಾಣಪತ್ರಕ್ಕೆ, ಪಹಣಿಗೆ, ವಿದ್ಯಾರ್ಥಿವೇತನಕ್ಕೆ ಎಂದು ಬಂದವರ ಆಧಾರ್ ಸಂಖ್ಯೆಗಳು. ಒಬ್ಬರ ಮೊಬೈಲ್ ನಂಬರ್, ಅದರ ಪಕ್ಕ ಆರು ಅಂಕಿಯ ಓಟಿಪಿ. ಮಾವನ ಬ್ಯಾಂಕಿನ ಕಿಟಕಿಯ ಹೆಸರು, ಕೆಳಗೆ ಅವರ ಪಾಸ್‌ವರ್ಡ್. ಪರದೆಯ ಮೇಲೆ ಚುಕ್ಕೆ ಚುಕ್ಕೆಯಾಗಿ ಕಾಣುವ ಪಾಸ್‌ವರ್ಡು ಇಲ್ಲಿ ಬಿಚ್ಚಿದ ಪುಸ್ತಕ. ಚುಕ್ಕೆ ಬರುವುದು ಗದ್ದೆ ಸೇರಿದ ಮೇಲೆ. ತೂಬಿನಲ್ಲಿ ನಿಂತವನಿಗೆ ನೀರು ಬರಿಯ ನೀರಾಗಿಯೇ ಕಾಣುತ್ತದೆ.

ಮಾವ ಅಲ್ಲಿಯವರೆಗೆ ನಗುನಗುತ್ತಾ ಇದ್ದವರು ಬಂದು ನೋಡಿ ಕುರ್ಚಿಯಲ್ಲಿ ಕುಸಿದು ಕೂತರು. "ಜನ ನಮ್ಮನ್ನ ನಂಬ್ಕೊಂಡು ಕೊಟ್ಟಿರೋ ನಂಬರ್ ಕಣ್ಲಾ ಇವು" ಎಂದರು. ಅವರ ಆ ಮಾತು ಇವತ್ತಿಗೂ ನನ್ನ ಕಿವಿಯಲ್ಲಿದೆ.

ಮೊದಲು ನೆಟ್ ಕೇಬಲ್ ಕಿತ್ತೆ. ಆ ಫೋಲ್ಡರನ್ನು ಇದ್ದ ಹಾಗೇ ಪೆನ್‌ಡ್ರೈವಿಗೆ ನಕಲು ಮಾಡಿಕೊಂಡೆ. ದೂರು ಕೊಡಬೇಕಾದರೆ ಸಾಕ್ಷಿ ಬೇಕು. ಗಾಬರಿಯಲ್ಲಿ ಮೊದಲು ಅಳಿಸಿಬಿಡುವವರೇ ಜಾಸ್ತಿ. ಆಮೇಲೆ ಮಾವ ತಮ್ಮ ಫೋನಿನಿಂದ ಬ್ಯಾಂಕಿನ ಪಾಸ್‌ವರ್ಡ್, ಇಮೇಲಿನ ಪಾಸ್‌ವರ್ಡ್ ಎಲ್ಲ ಬದಲಿಸಿದರು. ಆ ಕಂಪ್ಯೂಟರಿನಿಂದಲೇ ಬದಲಿಸಿದ್ದರೆ ಹೊಸ ಪಾಸ್‌ವರ್ಡೂ ಅದೇ ಫೈಲಿಗೆ ಬೀಳುತ್ತಿತ್ತು.

ಇದು ಬಂದದ್ದು ಎಲ್ಲಿಂದ ಎಂದು ಹುಡುಕಲು ಆಟೋರನ್ಸ್ ತೆರೆದೆ. ಕಂಪ್ಯೂಟರ್ ಶುರುವಾದಾಗ ತಾನಾಗಿ ಏಳುವ ಪ್ರತಿಯೊಂದನ್ನೂ ಅದು ತೋರಿಸುತ್ತದೆ. ಆ್ಯಪ್‌ಇನಿಟ್ ಎಂಬ ಹಳೆಯ ಬಾಗಿಲೊಂದಿದೆ, ರಿಜಿಸ್ಟ್ರಿ ಎಂಬ ವಿಂಡೋಸಿನ ಸೆಟ್ಟಿಂಗುಗಳ ಕಡತದ ಆ ಜಾಗದಲ್ಲಿ ಒಂದು ಡಿಎಲ್‌ಎಲ್ ಹೆಸರು ಬರೆದಿಟ್ಟರೆ ಕಿಟಕಿ ಇರುವ ಹೆಚ್ಚುಕಡಿಮೆ ಎಲ್ಲ ಪ್ರೋಗ್ರಾಮಿನೊಳಗೂ ಅದು ಹೋಗಿ ಕೂರುತ್ತದೆ. ವಿಂಡೋಸ್ 8ರಿಂದ ಈಚೆಗೆ ಸೆಕ್ಯೂರ್ ಬೂಟ್ ಎಂಬ ರಕ್ಷಣೆ ಚಾಲೂ ಇದ್ದರೆ ಆ ಬಾಗಿಲು ಮುಚ್ಚಿರುತ್ತದೆ. ಇಲ್ಲಿ ಅದು ಖಾಲಿ ಇತ್ತು. ನಮ್ಮ ಕಳ್ಳ ಬರುತ್ತಿದ್ದುದು ಲಾಗಾನ್ ಪಟ್ಟಿಯಿಂದ, ರಿಜಿಸ್ಟ್ರಿಯಲ್ಲಿ ಎಲ್ಲರೂ ಬಳಸುವ ಮಾಮೂಲಿ ರನ್ ಎಂಬ ಜಾಗದಿಂದ. ಅದು ಸೇರಿಕೊಂಡ ದಿನಾಂಕ ನೋಡಿದೆ. ಅವತ್ತು ಯಾರಿಗೋ ಅರ್ಜೆಂಟಾಗಿ ಪಿಡಿಎಫ್ಫನ್ನು ವರ್ಡ್ ಮಾಡಿಕೊಡಬೇಕಿತ್ತು, ಅಂಗಡಿಯ ಹುಡುಗ ಎಲ್ಲಿಂದಲೋ ಒಂದು ಉಚಿತ ಪ್ರೋಗ್ರಾಂ ಇಳಿಸಿಕೊಂಡಿದ್ದ. ಅದರ ಬೆನ್ನಿಗೆ ಅಂಟಿಕೊಂಡು ಇದೂ ಬಂದಿತ್ತು.

ಅಂಗಡಿಯಲ್ಲಿ ಆ್ಯಂಟಿವೈರಸ್ ಇತ್ತು. ಅದು ಮಾತಾಡಿರಲಿಲ್ಲ. ಮನೆಗೆ ಹೋಗಿ ಡಿಎಲ್‌ಎಲ್ ಫೈಲನ್ನು ವೈರಸ್‌ಟೋಟಲ್‌ಗೆ ಹಾಕಿ ನೋಡಿದೆ. ಹತ್ತಾರು ಆ್ಯಂಟಿವೈರಸ್‌ಗಳ ಅಭಿಪ್ರಾಯವನ್ನು ಒಟ್ಟಿಗೆ ತೋರಿಸುವ ತಾಣ ಅದು, 2012ರಿಂದ ಗೂಗಲ್ ಕೈಯಲ್ಲಿದೆ. ಮೂರು ಮಾತ್ರ ಇದನ್ನು ಅನುಮಾನಿಸಿದ್ದವು. ಕುತೂಹಲಕ್ಕೆ ಕನ್ನಡ ತಂತ್ರಾಂಶದ ಹುಕ್ ಫೈಲನ್ನೂ ಹಾಕಿದೆ. ಅದನ್ನೂ ಒಂದು ಅನುಮಾನಿಸಿತ್ತು! ಹೊರಗಿನಿಂದ ನೋಡಿದರೆ ಇಬ್ಬರ ಕೆಲಸವೂ ಒಂದೇ ಥರ ಕಾಣುತ್ತದೆ. ಇಬ್ಬರೂ ತೂಬಿನಲ್ಲಿ ನಿಂತವರೇ. ಒಬ್ಬ ನೀರನ್ನು ಗದ್ದೆಗೆ ತಿರುಗಿಸುತ್ತಾನೆ, ಒಬ್ಬ ತನ್ನ ಕೊಡಕ್ಕೆ ತುಂಬಿಕೊಳ್ಳುತ್ತಾನೆ. ಆ ವ್ಯತ್ಯಾಸವನ್ನು ಕಂಡುಹಿಡಿಯುವ ಕೆಲಸವನ್ನು ಪೂರ್ತಿಯಾಗಿ ಆ್ಯಂಟಿವೈರಸ್ಸಿಗೆ ಬಿಟ್ಟುಕೊಡಲು ಆಗುವುದಿಲ್ಲ.

ಆ ಕಳ್ಳ ಫೈಲನ್ನು ಅಂಗಡಿಯಲ್ಲೇ ಅಳಿಸಲು ನೋಡಿದ್ದೆ. ಬಳಕೆಯಲ್ಲಿದೆ, ಅಳಿಸಲಾಗದು ಎಂದು ವಿಂಡೋಸ್ ಹೇಳಿತು. ಮೂಲ ಪ್ರೋಗ್ರಾಮನ್ನು ನಿಲ್ಲಿಸಿದ ಮೇಲೂ ಅದೇ ಮಾತು. ಹುಕ್ ಬಿಚ್ಚಿಕೊಂಡರೂ ಬೇರೆ ಪ್ರೋಗ್ರಾಮುಗಳ ಒಳಗೆ ಕೂತ ಡಿಎಲ್‌ಎಲ್ ಆ ಕ್ಷಣಕ್ಕೇ ಎದ್ದು ಹೊರಡುವುದಿಲ್ಲ. ಮರುಚಾಲನೆ ಮಾಡಿದರೆ ಅಳಿಸಬಹುದಿತ್ತು, ಅಳಿಸಿದೆ ಕೂಡ. ಅಕ್ಕ ಮಂಡ್ಯ ಎಂದು ಹೊಡೆದರು. ಮಂಡ್ಯ ಎಂದೇ ಬಂತು. ಆದರೂ ನನ್ನ ಮನಸ್ಸು ಒಪ್ಪಲಿಲ್ಲ. ಕೀ ಕದಿಯುವ ಒಂದು ಫೈಲ್ ಸಿಕ್ಕ ಕಂಪ್ಯೂಟರಿನಲ್ಲಿ ನನಗೆ ಸಿಗದ ಇನ್ನೊಂದು ಇಲ್ಲ ಎಂದು ನಾನು ಹೇಗೆ ಹೇಳಲಿ? ಆ ರಾತ್ರಿ ಕೂತು ಕಡತಗಳನ್ನೆಲ್ಲ ಬೇರೆ ಡಿಸ್ಕಿಗೆ ತೆಗೆದು, ವಿಂಡೋಸನ್ನು ಹೊಸದಾಗಿ ಹಾಕಿದೆ. ಬೆಳಗಿನ ಜಾವ ಮೂರು ಗಂಟೆ ಆಯಿತು. ಮಾವ ಅಲ್ಲೇ ಬೆಂಚಿನ ಮೇಲೆ ಕೂತಿದ್ದರು, ಮಲಗಲಿಲ್ಲ.

ಮರುದಿನ ನಾವಿಬ್ಬರೂ ಸೈಬರ್ ಅಪರಾಧಗಳನ್ನು ನೋಡುವ ಸಿಇಎನ್ ಪೊಲೀಸ್ ಠಾಣೆಗೆ ಹೋಗಿ ಲಿಖಿತ ದೂರು ಮತ್ತು ಪೆನ್‌ಡ್ರೈವ್ ಕೊಟ್ಟೆವು. ಆಮೇಲಿನ ಕೆಲಸ ಇದಕ್ಕಿಂತ ಕಷ್ಟದ್ದು. ದಾಖಲಾಗಿದ್ದ ಮಾಹಿತಿ ಹೊರಗೆ ಹೋಗಿದೆ ಎಂದೇ ಲೆಕ್ಕ ಹಾಕಿ, ಆ ದಿನಗಳಲ್ಲಿ ಅರ್ಜಿ ಹಾಕಿಸಿದ್ದವರಿಗೆಲ್ಲ ಮಾವ ಒಬ್ಬೊಬ್ಬರಾಗಿ ಫೋನ್ ಮಾಡಿದರು. ಪಾಸ್‌ವರ್ಡ್ ಬದಲಿಸಿ, ಎಂಆಧಾರ್ ಆ್ಯಪಿನಲ್ಲಿ ಬೆರಳಚ್ಚಿಗೆ ಬೀಗ ಹಾಕಿ, ದುಡ್ಡು ಹೋದ ಸಂದೇಶ ಬಂದರೆ ತಡ ಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿ ಎಂದರು. ಕೆಲವರು ಸಿಟ್ಟಾದರು. ಕೆಲವರಿಗೆ ಏನೆಂದೇ ಅರ್ಥವಾಗಲಿಲ್ಲ, ಅಂಗಡಿಗೆ ಬಂದರು, ಅವರ ಫೋನಿನಲ್ಲಿ ನಾವೇ ಬೀಗ ಹಾಕಿಕೊಟ್ಟೆವು. ವ್ಯಾಪಾರ ಕೆಡುತ್ತದೆ, ಹೇಳಬೇಡಿ ಎಂದು ಪಕ್ಕದ ಅಂಗಡಿಯವರು ಬುದ್ಧಿ ಹೇಳಿದ್ದರು. ಮಾವ ಕೇಳಲಿಲ್ಲ. ನನಗೆ ಅವರ ಮೇಲಿನ ಗೌರವ ಅವತ್ತು ಇಮ್ಮಡಿಯಾಯಿತು.

ಇಷ್ಟಾದ ಮೇಲೆ ಹುಕ್ ಎನ್ನುವುದನ್ನು ಹೊರಗಿನಿಂದ ನೋಡಿದ್ದು ಸಾಲದು ಅನ್ನಿಸಿತು. ಮನೆಯ ಕಂಪ್ಯೂಟರಿನಲ್ಲಿ ಸಿ ಭಾಷೆಯಲ್ಲಿ ನಾನೇ ಒಂದು ಬರೆದೆ. ಅರವತ್ತು ಸಾಲೂ ಆಗಲಿಲ್ಲ. ನನ್ನನ್ನು ಬೆಚ್ಚಿಸಿದ್ದು ಅದೇ. ಒಂದು ಸಂಜೆಯಲ್ಲಿ ಇದನ್ನು ಬರೆಯಬಹುದು, ಅದಕ್ಕೆ ಅಡ್ಮಿನ್ ಅನುಮತಿಯೂ ಬೇಕಿಲ್ಲ. ಯಾವ ಕೀ ಎಂದು ಎಲ್ಲೂ ಬರೆದಿಡದೆ, ಎಷ್ಟು ಹೊತ್ತಿಗೊಂದು ಕೀ ಬಂತು ಎಂದಷ್ಟೇ ತೋರಿಸುವಂತೆ ಮಾಡಿದೆ. ನಾನು ಬಳಸಿದ್ದು ಕೆಳಮಟ್ಟದ ಕೀಬೋರ್ಡ್ ಹುಕ್, ವಿಂಡೋಸಿನ ಲೆಕ್ಕದಲ್ಲಿ 13ನೇ ಸಂಖ್ಯೆಯದು. ಇದು ಬೇರೆಯವರ ಮನೆಯೊಳಗೆ ಹೋಗಿ ಕೂರುವುದಿಲ್ಲ. ಪ್ರತಿ ಕೀಯೂ ಇದರ ಬಾಗಿಲಿಗೆ ಬಂದು ಹೋಗುತ್ತದೆ. ಅದಕ್ಕೇ ಪ್ರೋಸೆಸ್ ಎಕ್ಸ್‌ಪ್ಲೋರರಿನಲ್ಲಿ ಬೇರೆ ಪ್ರೋಗ್ರಾಮುಗಳ ಡಿಎಲ್‌ಎಲ್ ಪಟ್ಟಿ ನೋಡಿದರೆ ಇಂಥದ್ದು ಸಿಗುವುದೇ ಇಲ್ಲ, ಓಡುತ್ತಿರುವ ಪ್ರೋಗ್ರಾಮುಗಳನ್ನೇ ಒಂದೊಂದಾಗಿ ವಿಚಾರಿಸಬೇಕು.

ಒಂದು ಪರೀಕ್ಷೆ ಮಾಡಿದೆ. ಕೀ ಬಂದಾಗ ಅರ್ಧ ಸೆಕೆಂಡ್ ಸುಮ್ನೆ ಹಿಡಿದಿಟ್ಟು ಆಮೇಲೆ ಬಿಡುವಂತೆ ಬರೆದೆ. ಇಡೀ ಕಂಪ್ಯೂಟರಿನ ಟೈಪಿಂಗ್ ಎತ್ತಿನ ಗಾಡಿಯಾಯಿತು. ನನ್ನ ಪ್ರೋಗ್ರಾಂ ಒಂದೇ ಅಲ್ಲ, ಎಲ್ಲವೂ. ಎರಡು ಸೆಕೆಂಡ್ ಮಾಡಿ ನೋಡಿದೆ. ಕೆಲವು ಕೀಗಳು ತಡವರಿಸಿದವು, ಆಮೇಲೆ ಇದ್ದಕ್ಕಿದ್ದಂತೆ ಎಲ್ಲ ಸರಾಗ. ನನ್ನ ಪ್ರೋಗ್ರಾಂ ಮಾತ್ರ ಕೀಗಾಗಿ ಕಾಯುತ್ತಲೇ ಕೂತಿತ್ತು. ಗೊತ್ತಾದ ಹೊತ್ತಿನೊಳಗೆ ಉತ್ತರ ಕೊಡದ ಇಂಥ ಹುಕ್ಕನ್ನು ವಿಂಡೋಸ್ 7ರಿಂದ ಈಚೆಗೆ ವಿಂಡೋಸ್ ಸದ್ದಿಲ್ಲದೆ ಕಿತ್ತುಹಾಕುತ್ತದೆ. ಹಾಕಿದವನಿಗೆ ತಿಳಿಸುವುದೂ ಇಲ್ಲ. ಹಳೆಯ ನಿಧಾನದ ಕಂಪ್ಯೂಟರುಗಳಲ್ಲಿ ಕೀಗಳನ್ನು ಹೀಗೆ ಹಿಡಿಯುವ ಪ್ರೋಗ್ರಾಮುಗಳು ಇದ್ದಕ್ಕಿದ್ದಂತೆ ಕೆಲಸ ನಿಲ್ಲಿಸಿ, ಮತ್ತೆ ತೆರೆದರೆ ಸರಿಯಾಗುವುದಕ್ಕೆ ಇದೂ ಒಂದು ಕಾರಣ.

ಇನ್ನೊಂದು ವಿಷಯ ಡಿಟಿಪಿಯವರಿಗೆ ಉಪಯೋಗಕ್ಕೆ ಬರುತ್ತದೆ. ಪೇಜ್‌ಮೇಕರನ್ನು ಅಡ್ಮಿನ್ ಆಗಿ ತೆರೆದು, ಕನ್ನಡ ತಂತ್ರಾಂಶವನ್ನು ಮಾಮೂಲಿಯಾಗಿ ತೆರೆದರೆ ಕನ್ನಡ ಮೂಡುವುದಿಲ್ಲ, ಬರೀ ಇಂಗ್ಲಿಷ್ ಬರುತ್ತದೆ. ಎಷ್ಟೋ ಅಂಗಡಿಗಳಲ್ಲಿ ಇದಕ್ಕೆ ನನ್ನನ್ನು ಕರೆದಿದ್ದಾರೆ. ವಿಂಡೋಸ್ ವಿಸ್ಟಾ ಬಂದಾಗಿನಿಂದ ಕೆಳಗಿನ ಅಧಿಕಾರದ ಪ್ರೋಗ್ರಾಂ ಮೇಲಿನ ಅಧಿಕಾರದ ಪ್ರೋಗ್ರಾಮಿಗೆ ಹುಕ್ ಹಾಕಲು ವಿಂಡೋಸ್ ಬಿಡುವುದಿಲ್ಲ. ಎರಡನ್ನೂ ಒಂದೇ ರೀತಿ ತೆರೆಯಬೇಕು, ಅಷ್ಟೇ.

ಈಗ ಮಾವನ ಅಂಗಡಿಯಲ್ಲಿ ಎರಡು ಕಂಪ್ಯೂಟರ್ ಇವೆ. ಒಂದು ಅಕ್ಕನದು, ಪೇಜ್‌ಮೇಕರಿಗೆ ಮತ್ತು ಹುಕ್ ಹಾಕುವ ಕನ್ನಡ ತಂತ್ರಾಂಶಕ್ಕೆ. ಅದಕ್ಕೆ ಇಂಟರ್ನೆಟ್ ಕೊಟ್ಟಿಲ್ಲ. ಇನ್ನೊಂದು ಅರ್ಜಿಗಳಿಗೆ. ಅದರಲ್ಲಿ ಕನ್ನಡ ಬೇಕಾದರೆ ವಿಂಡೋಸಿನಲ್ಲೇ ಇರುವ ಕನ್ನಡ ಕೀಬೋರ್ಡ್. ಅದಕ್ಕೆ ಹುಕ್ ಬೇಕಿಲ್ಲ. ಕಗಪ ಕಲಿತ ಕೈಗೆ ಅದು ಕಷ್ಟ, ಆದರೆ ಅರ್ಜಿಯಲ್ಲಿ ತುಂಬುವುದು ಹೆಸರು, ಊರು ಇಷ್ಟೇ ಅಲ್ವಾ.

ಹೊಸದಾಗಿ ವಿಂಡೋಸ್ ಹಾಕಿದ ದಿನ ಎರಡರಲ್ಲೂ ಆಟೋರನ್ಸ್ ಓಡಿಸಿ ಆ ಪಟ್ಟಿಯನ್ನು ಉಳಿಸಿಟ್ಟಿದ್ದೇನೆ. ಆಮೇಲೆ ಯಾವಾಗ ಓಡಿಸಿದರೂ ಹಳೆಯ ಪಟ್ಟಿ ಜೊತೆ ಹೋಲಿಸು ಎಂದರೆ ಹೊಸದಾಗಿ ಸೇರಿದ್ದನ್ನು ತಾನೇ ಬಣ್ಣ ಹಾಕಿ ತೋರಿಸುತ್ತದೆ. ಇದನ್ನು ಅಕ್ಕನಿಗೆ ಒಮ್ಮೆ ತೋರಿಸಿದ್ದೆ. ಪೇಜ್‌ಮೇಕರಿನೊಳಗಿನ ಡಿಎಲ್‌ಎಲ್ ನೋಡುವುದನ್ನೂ ಕಲಿತುಕೊಂಡರು. ಹಳೆಯ ಬಿಲ್ ಪುಸ್ತಕದ ಹಿಂಬದಿಯಲ್ಲಿ, ಮೈಕ್ರೋಸಾಫ್ಟ್ ಮತ್ತು ಅಡೋಬಿ ಬಿಟ್ಟು ಉಳಿದವುಗಳ ಹೆಸರನ್ನು ಒಂದರ ಕೆಳಗೊಂದು ಬರೆದಿಟ್ಟಿದ್ದಾರೆ. ಶನಿವಾರ ಸಂಜೆ ಅಂಗಡಿ ಮುಚ್ಚುವ ಮುಂಚೆ ಕೂತು ಸರಿಯಿದೆಯಾ ಎಂದು ನೋಡುತ್ತಾರೆ.

ಸಂಕ್ರಾಂತಿಯ ಹಿಂದಿನ ವಾರ ಅವರ ಫೋನ್ ಬಂತು.

"ಹೊಸಬ ಒಬ್ಬ ಬಂದವ್ನೆ ಕಣಪ್ಪ, ಪೇಜ್‌ಮೇಕರ್ ಒಳಗೆ."

ಕಂಪನಿ ಹೆಸರು ಏನಿದೆ ಅಕ್ಕ ಎಂದೆ. ಓದಿ ಹೇಳಿದರು. ಸಹಿ ಇದೆಯಾ ಎಂದೆ. ಇದೆ, ವೆರಿಫೈಡ್ ಅಂತ ಬರುತ್ತದೆ ಎಂದರು. ಹಿಂದಿನ ದಿನ ತಂದಿದ್ದ ಹೊಸ ಪ್ರಿಂಟರಿನ ಡ್ರೈವರ್ ಅದು.

"ಹಂಗಾದ್ರೆ ಇರ್ಲಿ" ಎಂದು, ನಾನು ಫೋನಿನಲ್ಲಿ ಇರುವಾಗಲೇ ಅದರ ಹೆಸರನ್ನು ಬಿಡಿಬಿಡಿಯಾಗಿ ಹೇಳಿಕೊಳ್ಳುತ್ತಾ ಬಿಲ್ ಪುಸ್ತಕದ ಹಿಂದೆ ಬರೆದುಕೊಂಡರು. ಪಕ್ಕದಲ್ಲಿ ತಾರೀಕನ್ನೂ ಹಾಕಿದರು.